ಮನೆಯಂಗಳದ ನ್ಯಾಯಾಲಯ

ತಾಳವಾಡಿಯ ಕಡೆಯವನೆಂದು ಹೇಳಿಕೊಂಡರೆ ಬೆಂಗಳೂರಿನಲ್ಲಾಗಲಿ ಮೈಸೂರಿನಲ್ಲಾಗಲಿ ಕೇಳಿದವರು ಮರುಗಳಿಗೆಯೇ ಗಾಜನೂರಿನ ಹೆಸರೆತ್ತುತ್ತಾರೆ. ಡಾ. ರಾಜಕುಮಾರರ ಊರೆಂಬುದೇ ನಮ್ಮ ಗುರುತು. 2000ದ ಜುಲೈ 30ರ ರಾತ್ರಿ ಅವರನ್ನು ವೀರಪ್ಪನ್ ಅಪಹರಿಸಿದ್ದು ಅಲ್ಲಿಂದಲೇ. ಮುಂದಿನ ಮೂರೂವರೆ ತಿಂಗಳು ಕನ್ನಡನಾಡು ಭೂಪಟದಲ್ಲಿ ನಮ್ಮ ಬೆಟ್ಟಗಳನ್ನು ಹುಡುಕಿತು. ಆದರೆ ಆ ಮಹಾನಟರ ಬಾಯಿಂದ ನಾವು ಕೇಳಿದ ಮಾತುಗಳನ್ನು ಬರೆದವರು ಯಾರೆಂದು ಕೇಳಿ ನೋಡಿ. ನಮ್ಮೂರಿನ ಅರಳಿಕಟ್ಟೆಯ ಮೇಲೆ ಕುಳಿತ ಹತ್ತು ಮಂದಿಯಲ್ಲಿ ಒಬ್ಬರೋ ಇಬ್ಬರೋ ಚಿ. ಉದಯಶಂಕರ್ ಎಂದಾರು. ಉಳಿದವರಿಗೆ ಆ ಮಾತುಗಳೆಲ್ಲ ರಾಜಕುಮಾರರವೇ. ತೆರೆಗೆ ಬರೆಯುವವನ ಪಾಡು ಎಲ್ಲ ಕಾಲದಲ್ಲೂ ಹೀಗೆಯೇ. ಮಾತು ಜನರ ನಾಲಗೆಯ ಮೇಲೆ ಉಳಿಯುತ್ತದೆ, ಬರೆದವನ ಹೆಸರು ಮರೆತುಹೋಗುತ್ತದೆ.

ಈ ಮರೆವಿನಿಂದ ತಪ್ಪಿಸಿಕೊಂಡ ಬರಹಗಾರರು ಕನ್ನಡದ ಕಿರುತೆರೆಯಲ್ಲಿ ಕೆಲವರೇ. ಅವರಲ್ಲಿ ಮೊದಲು ನೆನಪಿಗೆ ಬರುವವರು ಟಿ. ಎನ್. ಸೀತಾರಾಮ್. ಅವರ ಬಗೆಗೆ ಬರೆಯಬೇಕೆಂದು ಬಹುದಿನಗಳಿಂದ ನನ್ನ ಮನಸ್ಸಿನಲ್ಲಿತ್ತು. ಸಾಹಿತ್ಯವಿಮರ್ಶೆ ನನ್ನ ಕೆಲಸವಲ್ಲ. ನಾನು ಸತ್ಯಮಂಗಲದ ನ್ಯಾಯಾಲಯಗಳಲ್ಲಿ ವಕಾಲತ್ತು ಹಾಕಿ ಬದುಕುವವನು. ಹಾಗಿದ್ದೂ, ಅಥವಾ ಹಾಗಿರುವುದರಿಂದಲೇ, ಗಡಿಯಾಚೆಗಿನ ಕನ್ನಡಿಗರಾದ ನಮಗೆ ಈ ಬರಹಗಾರರಿಂದ ಸಂದದ್ದು ಏನು ಎಂಬುದನ್ನು ಹೇಳುವ ಹಕ್ಕು ನನಗಿದೆಯೆಂದು ಭಾವಿಸುತ್ತೇನೆ.

ಕನ್ನಡಕ್ಕೆ ಟೆಲಿವಿಷನ್ ಬಂದ ಬಗೆಯೇ ಸ್ವಾರಸ್ಯಕರವಾದುದು. 1975ರ ಆಗಸ್ಟ್ 1ರಿಂದ ಒಂದು ವರ್ಷ ಅಮೆರಿಕದ ಎಟಿಎಸ್-6 ಉಪಗ್ರಹವನ್ನು ನಮ್ಮ ದೇಶ ಎರವಲು ಪಡೆದು, ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಕಾರ್ಯಕ್ರಮ ಬಿತ್ತರಿಸಿತು. ಅವುಗಳಲ್ಲಿ ಗುಲಬರ್ಗಾ, ಬಿಜಾಪುರ, ರಾಯಚೂರು ಜಿಲ್ಲೆಗಳ ಹಳ್ಳಿಗಳೂ ಇದ್ದವು. ಹೀಗೆ ಬೆಂಗಳೂರಿನ ಮನೆಗಳಿಗಿಂತ ಮುಂಚೆ ಉತ್ತರದ ಕುಗ್ರಾಮಗಳ ರೈತರು ಪರದೆಯ ಮೇಲೆ ಕನ್ನಡವನ್ನು ಕೇಳಿದರು. ಬೆಂಗಳೂರು ದೂರದರ್ಶನ ಕೇಂದ್ರ ಆರಂಭವಾದದ್ದು 1981ರಲ್ಲಿ. 1984ರ ಜುಲೈ 7ರಂದು ದೆಹಲಿಯಿಂದ ಹಿಂದಿಯ 'ಹಮ್ ಲೋಗ್' ಮೊದಲಾಯಿತು. ಅದನ್ನು ಬರೆದವರು ಕಾದಂಬರಿಕಾರ ಮನೋಹರ ಶ್ಯಾಮ ಜೋಶಿ. ಪ್ರಾಯೋಜಕರು ಎರಡೇ ನಿಮಿಷದಲ್ಲಿ ಬೇಯುವ ಮ್ಯಾಗಿ ನೂಡಲ್ಸ್‌ನವರು. ಸಾಹಿತ್ಯಕ್ಕೂ ಸರಕಿನ ಮಾರಾಟಕ್ಕೂ ಅಂದು ಬಿದ್ದ ಗಂಟು ಇಂದಿಗೂ ಬಿಚ್ಚಿಲ್ಲ. ಮುಂದೆ ಶಂಕರ್ ನಾಗ್ ಆಗುಂಬೆಯಲ್ಲಿ ಮಾಲ್ಗುಡಿಯನ್ನು ಕಟ್ಟಿದರು. ಮನೆ, ಬೀದಿ, ಮಳೆ ಎಲ್ಲವೂ ನಮ್ಮವೇ ಆಗಿದ್ದವು, ಅಲ್ಲಿಯ ಜನ ಆಡಿದ್ದು ಮಾತ್ರ ಹಿಂದಿ ಮತ್ತು ಇಂಗ್ಲಿಷ್. ಕನ್ನಡದ ಧಾರಾವಾಹಿಗಳು ಆಗ ವಾರಕ್ಕೊಂದರಂತೆ ಹದಿಮೂರು ಕಂತುಗಳಿಗೆ ಮುಗಿಯುತ್ತಿದ್ದ ಪುಟ್ಟ ಕಥೆಗಳು.

1998ರಲ್ಲಿ 'ಮಾಯಾಮೃಗ' ಬಂದಾಗ ಈ ಲೆಕ್ಕ ತಪ್ಪಿತು. ಸೀತಾರಾಮ್, ಪಿ. ಶೇಷಾದ್ರಿ, ನಾಗೇಂದ್ರ ಶಾ ಮೂವರೂ ಸೇರಿ ನಿರ್ದೇಶಿಸಿದ, ದೂರದರ್ಶನದಲ್ಲಿ ದಿನದಿನವೂ ಬರುತ್ತಿದ್ದ ಕಥೆ ಅದು. ನಾನಾಗ ಕೊಯಮತ್ತೂರಿನಲ್ಲಿ ಕಾನೂನು ಓದುತ್ತಿದ್ದೆ. ರಜೆಗೆ ಊರಿಗೆ ಬಂದರೆ ಇಳಿಹೊತ್ತಿಗೆ ಬೀದಿ ಬರಿದಾಗಿರುತ್ತಿತ್ತು. ಊರಲ್ಲಿ ಟೀವಿ ಇದ್ದದ್ದು ನಾಲ್ಕೈದು ಮನೆಗಳಲ್ಲಿ. ರಾಗಿ ಬೀಸುವವರು, ಹಾಲು ಕರೆಯಬೇಕಾದವರು, ಬೀಡಿ ಸೇದುತ್ತಾ ಜಗಲಿಯಲ್ಲಿ ಕುಕ್ಕರಿಸಿದ ಮುದುಕರು ಎಲ್ಲರೂ ಆ ಮನೆಗಳ ನಡುಮನೆಯಲ್ಲಿ. ಬೆಂಗಳೂರಿನ ಮಧ್ಯಮವರ್ಗದ ಸಂಸಾರಗಳ ಆ ಕಥೆಯಲ್ಲಿ ನಮ್ಮ ಊರಿನವರಿಗೆ ಪರಿಚಿತವಾದುದು ಏನೂ ಇರಲಿಲ್ಲ. ಹೊಲ ಇರಲಿಲ್ಲ, ಆನೆಯ ಕಾಟ ಇರಲಿಲ್ಲ, ಮಾದೇಶ್ವರನ ಹರಕೆ ಇರಲಿಲ್ಲ. ಆದರೂ ಅವರು ಅಲುಗಾಡದೆ ಕುಳಿತಿದ್ದರು. ನಿಧಾನವಾಗಿ, ನಡುನಡುವೆ ತಡೆದು, ಯೋಚಿಸಿ ಆಡುವ ಕನ್ನಡವನ್ನು ದಿನವೂ ಅರ್ಧ ಗಂಟೆ ಯಾರೋ ತಮಗಾಗಿಯೇ ಆಡುತ್ತಿದ್ದಾರೆಂಬ ಭಾವ ಅವರಿಗೆ ಬಂದಿತ್ತು.

ಆ ಕನ್ನಡ ಎಲ್ಲಿಂದ ಬಂತೆಂದು ತಿಳಿಯಲು ಸೀತಾರಾಮ್ ಅವರ ಹಿಂದಿನ ದಾರಿಯನ್ನು ನೋಡಬೇಕು. ಅವರು ಕಾನೂನು ಓದಿದವರು. ಬಯಲುಸೀಮೆಯ ಗೌರಿಬಿದನೂರಿನ ಕಡೆಯವರು. ಬೆಳ್ಳಿತೆರೆ ಅವರನ್ನು ಮೊದಲು ಕಂಡದ್ದು ನಟನಾಗಿ: 1976ರಲ್ಲಿ ಪಿ. ಲಂಕೇಶರು ತಮ್ಮದೇ ಕಾದಂಬರಿ 'ಬಿರುಕು'ವಿನಿಂದ ಮಾಡಿದ, ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆದ 'ಪಲ್ಲವಿ' ಚಿತ್ರದಲ್ಲಿ. 'ಆಸ್ಫೋಟ', 'ನಮ್ಮೊಳಗೊಬ್ಬ ನಾಜೂಕಯ್ಯ' ನಾಟಕಗಳನ್ನು ಬರೆದು ರಂಗಭೂಮಿಯಲ್ಲಿ ಹೆಸರು ಮಾಡಿದರು. ದೂರದರ್ಶನಕ್ಕೆ ಸಣ್ಣ ಧಾರಾವಾಹಿಗಳನ್ನು ಮಾಡಿ ಕೈ ಪಳಗಿಸಿಕೊಂಡರು. 'ಮಾಯಾಮೃಗ'ದ ಹೊತ್ತಿಗೆ ಅವರಿಗೆ ಐವತ್ತರ ಪ್ರಾಯ. ಅಲ್ಲಿಂದ ಮುಂದೆ 'ಮನ್ವಂತರ', 'ಮುಕ್ತ', 'ಮುಕ್ತ ಮುಕ್ತ', 'ಮಹಾಪರ್ವ', 2018ರಲ್ಲಿ ಆರಂಭವಾದ 'ಮಗಳು ಜಾನಕಿ', 2022ರಲ್ಲಿ 'ಮತ್ತೆ ಮಾಯಾಮೃಗ'. ನಡುವೆ ಎಸ್. ಎಲ್. ಭೈರಪ್ಪನವರ ಕಾದಂಬರಿಯಿಂದ ತೆಗೆದ 'ಮತದಾನ' ಚಿತ್ರಕ್ಕೆ ಕನ್ನಡದ ಶ್ರೇಷ್ಠ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂತು. ಬೇರೆಯವರು ನಿವೃತ್ತಿಯ ಲೆಕ್ಕ ಹಾಕುವ ವಯಸ್ಸಿನಲ್ಲಿ ಅವರ ನಿಜವಾದ ಬಾಳು ಶುರುವಾಯಿತು.

ನಾಟಕ ಅವರಿಗೆ ಮಾತಿನ ಲಯ ಕೊಟ್ಟಿತು, ಕಾನೂನು ವಾದದ ಶಿಸ್ತು ಕೊಟ್ಟಿತು. ವಕೀಲನೊಬ್ಬ ಬರಹಗಾರನಾದರೆ ಒಂದು ಅನುಕೂಲವಿದೆ. ಎದುರು ಪಕ್ಷದ ಮಾತೂ ತೂಕವುಳ್ಳದ್ದೆಂಬುದು ಅವನಿಗೆ ಅನ್ನದ ಪ್ರಶ್ನೆಯಾಗಿ ಗೊತ್ತಿರುತ್ತದೆ. ಎದುರಾಳಿಯ ವಾದವನ್ನು ಅವನಿಗಿಂತ ಚೆನ್ನಾಗಿ ಮನೆಯಲ್ಲಿ ಹೇಳಿಕೊಂಡು ನೋಡದೆ ನ್ಯಾಯಾಲಯಕ್ಕೆ ಹೋದ ವಕೀಲ ಸಂಜೆಗೆ ಸೋತು ಬರುತ್ತಾನೆ. ಸೀತಾರಾಮ್ ಅವರ ಧಾರಾವಾಹಿಗಳಲ್ಲಿ ಕೆಟ್ಟವನಿಗೂ ಅವನದೇ ಆದ ನ್ಯಾಯವೊಂದು ಇರುತ್ತದೆ; ಅದನ್ನು ಅವನು ನಮ್ರವಾಗಿ, ನಗುತ್ತಲೂ ಹೇಳಬಲ್ಲ. ಇಂಥ ಬರವಣಿಗೆ ಪಾತ್ರವನ್ನು ದ್ವೇಷಿಸುವುದಕ್ಕೆ ಮೊದಲು ಕೇಳಿಸಿಕೊಳ್ಳುವಂತೆ ನೋಡುಗನನ್ನು ಕಟ್ಟಿಹಾಕುತ್ತದೆ.

ಇದನ್ನು ಯೋಚಿಸುವಾಗಲೆಲ್ಲ ನನಗೆ ನ್ಯೂಯಾರ್ಕಿನ ರೆಜಿನಾಲ್ಡ್ ರೋಸ್ ನೆನಪಾಗುತ್ತಾರೆ. ಅಮೆರಿಕದಲ್ಲಿ ಟೆಲಿವಿಷನ್ ಇನ್ನೂ ಎಳೆಯದಾಗಿದ್ದ 1950ರ ದಶಕದಲ್ಲಿ ನಾಟಕಗಳನ್ನು ಸ್ಟುಡಿಯೊದಲ್ಲಿ ನೇರವಾಗಿ ಆಡಿ ಆ ಕ್ಷಣವೇ ಬಿತ್ತರಿಸುತ್ತಿದ್ದರು. ನಟ ಮಾತು ಮರೆತರೆ ದೇಶಕ್ಕೆ ದೇಶವೇ ನೋಡುತ್ತಿತ್ತು. ಆ ಕಾಲದ ಬರಹಗಾರರಲ್ಲಿ ರೋಸ್ ಒಬ್ಬರು. 1954ರಲ್ಲಿ ಅವರಿಗೆ ಕೊಲೆಗೆ ಸಂಬಂಧಿಸಿದ ಮೊಕದ್ದಮೆಯೊಂದರಲ್ಲಿ ಜ್ಯೂರಿಯಾಗಿ ಕೂರುವ ಕರೆ ಬಂತು. ಒಂದು ಕೋಣೆಯಲ್ಲಿ ಹನ್ನೆರಡು ಮಂದಿ ಗಂಟೆಗಟ್ಟಲೆ ಜಗಳವಾಡಿ ಇನ್ನೊಬ್ಬನ ಬಾಳನ್ನು ನಿರ್ಧರಿಸುವುದನ್ನು ಒಳಗಿನಿಂದ ಕಂಡರು. ಅದೇ ವರ್ಷದ ಸೆಪ್ಟೆಂಬರ್ 20ರಂದು ಸಿಬಿಎಸ್‌ನ 'ಸ್ಟುಡಿಯೊ ಒನ್' ಕಾರ್ಯಕ್ರಮದಲ್ಲಿ ಅವರ 'ಟ್ವೆಲ್ವ್ ಆಂಗ್ರಿ ಮೆನ್' ಪ್ರಸಾರವಾಯಿತು. ಸಿನಿಮಾ ಆದದ್ದು 1957ರಲ್ಲಿ. ನಮ್ಮಲ್ಲಿ ಬಾಸು ಚಟರ್ಜಿಯವರು 1986ರಲ್ಲಿ 'ಏಕ್ ರುಕಾ ಹುವಾ ಫೈಸ್ಲಾ' ಎಂದು ಹಿಂದಿಗೆ ತಂದರು. ಮುಂದೆ 1961ರಿಂದ 1965ರವರೆಗೆ ತಂದೆ ಮತ್ತು ಮಗ ಇಬ್ಬರೂ ವಕೀಲರಾದ 'ದಿ ಡಿಫೆಂಡರ್ಸ್' ಎಂಬ ಧಾರಾವಾಹಿಯನ್ನು ರೋಸ್ ರೂಪಿಸಿದರು.

ಜ್ಯೂರಿ ಪದ್ಧತಿ ನಮ್ಮ ದೇಶದಲ್ಲಿ ಈಗಿಲ್ಲ. 1959ರ ನಾನಾವತಿ ಮೊಕದ್ದಮೆಯಲ್ಲಿ ಜ್ಯೂರಿ ನಿರ್ದೋಷಿಯೆಂದವನನ್ನು ಉಚ್ಚ ನ್ಯಾಯಾಲಯ ದೋಷಿಯೆಂದಿತು. ಆ ಪದ್ಧತಿಗೆ 1973ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಜಾಗವೇ ಉಳಿಯಲಿಲ್ಲ. ಅಂದಮೇಲೆ ಸಾಮಾನ್ಯ ಮನುಷ್ಯ ನ್ಯಾಯನಿರ್ಣಯದಲ್ಲಿ ಪಾಲುಗೊಳ್ಳುವ ಅವಕಾಶ ನಮ್ಮಲ್ಲಿ ಉಳಿದಿರುವುದು ಎಲ್ಲಿ? ನಾನು ಬಲ್ಲಂತೆ ಊರ ಪಂಚಾಯಿತಿಯ ಕಟ್ಟೆಯ ಮೇಲೆ, ಮತ್ತು ಕೆಲವು ವರ್ಷ ನಡುಮನೆಯ ಟೀವಿಯ ಮುಂದೆ. 'ಮುಕ್ತ' ಬರುತ್ತಿದ್ದ ಕಾಲದಲ್ಲಿ ಸೀತಾರಾಮ್ ತಾವೇ ಸಿ. ಎಸ್. ಪಿ. ಎಂಬ ವಕೀಲನ ಪಾತ್ರವಹಿಸಿ ಕರಿಕೋಟು ತೊಟ್ಟು ಎದ್ದು ನಿಂತರೆ, ನಮ್ಮ ಜಗಲಿಯ ಮುದುಕರು ಬೀಡಿ ಆರಿಸಿ ಮುಂದಕ್ಕೆ ಜರುಗುತ್ತಿದ್ದರು. ಕಂತು ಮುಗಿದ ಮೇಲೆ ವಾದ ಜಗಲಿಗೆ ಬರುತ್ತಿತ್ತು. ಆ ಹೆಂಗಸಿನ ಸಾಕ್ಷ್ಯ ನಂಬತಕ್ಕದ್ದೇ, ಆ ಕಾಗದವನ್ನು ಮೊದಲೇ ಏಕೆ ಹಾಜರುಪಡಿಸಲಿಲ್ಲ ಎಂದು ಅಕ್ಷರ ಬಾರದವರು ವಿಚಾರ ಮಾಡುತ್ತಿದ್ದರು.

ನಿಜವಾದ ನ್ಯಾಯಾಲಯ ಹಾಗಿರುವುದಿಲ್ಲವೆಂಬುದು ನನ್ನಂಥವರಿಗೆ ಗೊತ್ತು. ಪಾಟೀಸವಾಲಿನಲ್ಲಿ ಸಾಕ್ಷಿ ಕುಸಿದು ನಿಜ ಒದರುವುದು ಅಪರೂಪ. ದಿನವೂ ನಡೆಯುವುದು ವಾಯಿದೆ. ನ್ಯಾಯಾಧೀಶರು ರಜೆ, ಎದುರಿನ ವಕೀಲರಿಗೆ ಜ್ವರ, ಸಾಕ್ಷಿ ಬಸ್ಸು ತಪ್ಪಿಸಿಕೊಂಡ, ಕಡತ ಸಿಗಲಿಲ್ಲ. ಧಾರಾವಾಹಿ ಇದನ್ನೆಲ್ಲ ತೋರಿಸಿದರೆ ನೋಡುವವರಾರು? ಆದರೆ ಒಂದು ವಿಷಯದಲ್ಲಿ ಆ ತೆರೆಯ ನ್ಯಾಯಾಲಯ ನಿಜವಾದುದಕ್ಕಿಂತ ಮೇಲಾಗಿತ್ತು. ಅಲ್ಲಿ ಕಟಕಟೆಯಲ್ಲಿ ನಿಂತವನಿಗೂ, ಅವನನ್ನು ಪ್ರಶ್ನಿಸುವವನಿಗೂ, ತೀರ್ಪು ಕೊಡುವವನಿಗೂ ಒಂದೇ ಭಾಷೆಯಿತ್ತು. ಕರ್ನಾಟಕದ ನ್ಯಾಯಾಲಯಗಳಲ್ಲಿಯೂ ಇಂಗ್ಲಿಷಿನ ಮೇಲುಗೈ ಇನ್ನೂ ಪೂರ್ತಿ ತೊಲಗಿಲ್ಲ. ಆದ್ದರಿಂದ ಆದಿಯಿಂದ ಅಂತ್ಯದವರೆಗೆ ಕನ್ನಡದಲ್ಲೇ ನಡೆದ ವಿಚಾರಣೆಯನ್ನು ಜನ ಕಂಡದ್ದು ಹೆಚ್ಚಾಗಿ ತೆರೆಯ ಮೇಲೆ, ಬರಹಗಾರರೊಬ್ಬರ ಕೃಪೆಯಿಂದ.

ನಮ್ಮ ತಾಳವಾಡಿಯ ಪಾಡು ಬೇರೆ. 1956ರ ನವೆಂಬರ್ 1ರಂದು ರಾಜ್ಯಗಳು ಭಾಷೆಯ ಮೇಲೆ ಮರುವಿಂಗಡಣೆಯಾದಾಗ ಕೊಯಮತ್ತೂರು ಜಿಲ್ಲೆಯ ಕೊಳ್ಳೇಗಾಲ ಮೈಸೂರಿಗೆ ಸೇರಿತು. ನಮ್ಮ ಬೆಟ್ಟಗಳು ಮದರಾಸಿನಲ್ಲೇ ಉಳಿದವು. ಹೆಚ್ಚಿನವರ ಮನೆಮಾತು ಕನ್ನಡ, ಮದುವೆ-ಮುಂಜಿ-ಸಂತೆಗೆ ಚಾಮರಾಜನಗರ, ಕೋರ್ಟು-ಕಚೇರಿಗೆ ದಿಂಬಂ ಘಟ್ಟದ 27 ತಿರುವುಗಳನ್ನಿಳಿದು ಸತ್ಯಮಂಗಲ. ಕನ್ನಡದಲ್ಲಿ ವಾದ ಕೇಳಬಹುದಾದ ಚಾಮರಾಜನಗರ ಹತ್ತಿರದಲ್ಲಿದೆ, ನಮ್ಮ ದಾವೆಗೆ ಅಲ್ಲಿ ಅಧಿಕಾರವಿಲ್ಲ. ಅಧೀನ ನ್ಯಾಯಾಲಯಗಳ ಭಾಷೆ ಯಾವುದೆಂದು ನಿರ್ಧರಿಸುವುದು ಸಿವಿಲ್ ಪ್ರಕ್ರಿಯಾ ಸಂಹಿತೆಯ 137ನೆಯ ಕಲಮಿನಂತೆ ರಾಜ್ಯ ಸರ್ಕಾರ. ಇಲ್ಲಿ ಅದು ಸಹಜವಾಗಿಯೇ ತಮಿಳು. ನಾನು ವಾದಿಸುವುದು ತಮಿಳಿನಲ್ಲಿ, ಬರೆಯುವುದು ತಮಿಳು ಅಥವಾ ಇಂಗ್ಲಿಷಿನಲ್ಲಿ, ಕಕ್ಷಿದಾರರೊಡನೆ ಮಾತಾಡುವುದು ಕನ್ನಡದಲ್ಲಿ. ಒಂದೇ ಮೊಕದ್ದಮೆ ದಿನಕ್ಕೆ ಮೂರು ಸಲ ಭಾಷೆ ಬದಲಿಸುತ್ತದೆ.

ತಮಿಳು ಮತ್ತು ಕನ್ನಡ ಒಡಹುಟ್ಟಿದ ಭಾಷೆಗಳಾದ್ದರಿಂದ ಇದರಿಂದ ಅಪಾಯವೇನೂ ಇಲ್ಲವೆಂದು ದೂರದವರು ಭಾವಿಸಬಹುದು. ಅಪಾಯವಿರುವುದು ಆ ಹೋಲಿಕೆಯಲ್ಲಿಯೇ. ತೀರ್ಪು ಎರಡು ಭಾಷೆಗಳಲ್ಲೂ ತೀರ್ಪೇ. ನಮ್ಮ ಸಾಕ್ಷಿ ಅವರ ಸಾಟ್ಚಿ, ನಮ್ಮ ವಾಯಿದೆ ಅವರ ವಾಯ್ದಾ. ಇಷ್ಟರಮಟ್ಟಿಗೆ ದಾರಿ ಸುಗಮ. ಆದರೆ ಅರ್ಜಿಗೆ ತಮಿಳಿನಲ್ಲಿ 'ಮನು' ಎನ್ನುತ್ತಾರೆ. ನಮ್ಮವರ ಕಿವಿಗೆ ಅದು ಹೆಸರೋ ಸ್ಮೃತಿಯೋ ಆಗಿ ಕೇಳುತ್ತದೆ. ಎಲ್ಲಕ್ಕಿಂತ ಮೋಸದ ಪದ 'ಉತ್ತರವು'. ತಮಿಳಿನ ಕಚೇರಿಗಳಲ್ಲಿ ಅದರ ಅರ್ಥ ಆದೇಶ. ಕನ್ನಡಿಗನಿಗೆ ಉತ್ತರವೆಂದರೆ ಉತ್ತರವೇ.

ಕೆಲವು ವರ್ಷಗಳ ಹಿಂದೆ ಬೆಟ್ಟದ ಮೇಲಿನ ಹಳ್ಳಿಯ ವೃದ್ಧೆಯೊಬ್ಬರು ನನ್ನ ಬಳಿಗೆ ಬಂದರು. ಗಂಡನ ಹೆಸರಿನಲ್ಲಿದ್ದ ಜಮೀನಿನ ಪಟ್ಟಾ ತಮ್ಮ ಹೆಸರಿಗಾಗಲೆಂದು ಅವರು ಅರ್ಜಿ ಕೊಟ್ಟಿದ್ದರು. ಬಹುಕಾಲದ ಮೇಲೆ ಅಂಚೆಯಲ್ಲಿ ಒಂದು ಕಾಗದ ಬಂತು. ಅವರಿಗೆ ಓದು ಬಾರದು. ನೆರೆಮನೆಯ ಶಾಲೆಯ ಹುಡುಗ ತಮಿಳು ಕಲಿಯುತ್ತಿದ್ದವನು. ಮೇಲಿನ ದಪ್ಪಕ್ಷರವನ್ನು ಕೂಡಿಸಿ ಓದಿ, "ಉತ್ತರ ಬಂದದೆ ಕನಜ್ಜಿ" ಎಂದ. ಕೊಟ್ಟ ಅರ್ಜಿಗೆ ಸರ್ಕಾರ ಉತ್ತರ ಬರೆದಿದೆ, ಇನ್ನು ಕೆಲಸ ಆಯಿತೆಂದು ಅಜ್ಜಿ ಆ ಕಾಗದವನ್ನು ಮಾದೇಶ್ವರನ ಪಟದ ಹಿಂದೆ ಭದ್ರವಾಗಿಟ್ಟರು. ಅದು ಅರ್ಜಿಯನ್ನು ತಳ್ಳಿಹಾಕಿದ ಆದೇಶವಾಗಿತ್ತು. ಮೇಲ್ಮನವಿ ಸಲ್ಲಿಸಬೇಕಾದ ಗಡುವು ಪಟದ ಹಿಂದೆಯೇ ಮುಗಿದುಹೋಯಿತು. ಬೇರೆಯವರು ಹೊಲಕ್ಕೆ ಬೇಲಿ ಹಾಕಲು ಬಂದಾಗಲೇ ಅವರಿಗೆ ವಿಷಯ ಗೊತ್ತಾದದ್ದು.

ವಿಳಂಬವನ್ನು ಮನ್ನಿಸಬೇಕೆಂದು ನಾವು ಅರ್ಜಿ ಹಾಕಿದೆವು. ಕಾರಣವನ್ನು ಇದ್ದಂತೆಯೇ ಬರೆದೆವು: ಅರ್ಜಿದಾರಳ ಮಾತೃಭಾಷೆ ಕನ್ನಡ, ಆ ಭಾಷೆಯಲ್ಲಿ ಈ ಪದಕ್ಕೆ ಬೇರೆ ಅರ್ಥವಿದೆ. ಕೇಳಿದ ಅಧಿಕಾರಿ ತಮಿಳರು, ಸಹೃದಯರು. ಕ್ಷಣಹೊತ್ತು ಕಾಗದ ನೋಡಿ, ತಡವಾದುದನ್ನು ಮನ್ನಿಸಿದರು. ಮೇಲ್ಮನವಿ ಇನ್ನೂ ನಡೆಯುತ್ತಿದೆ. ಅಂದು ಹೊರಗೆ ಬಂದು ಚಹಾ ಕುಡಿಯುವಾಗ ಒಳಗೆ ಏನು ನಡೆಯಿತೆಂದು ನಾನು ವಿವರಿಸತೊಡಗಿದೆ. ಅಜ್ಜಿ ತಡೆದು, "ಆ ಟೀವೀಲಿ ಲಾಯ್ರಪ್ಪ ಮಾತಾಡ್ತಿದ್ರೆ ನಂಗೆಲ್ಲಾನು ಗೊತ್ತಾಯ್ತಿತ್ತು ಕನ್ ಮೊಗ. ಇಲ್ಲಿ ನಂದೇ ಗ್ವಾಳು ಹೇಳ್ತಾವ್ರೆ, ನಂಗೆ ಒಂದೂ ಗೊತ್ತಾಗಲ್ಲ" ಎಂದರು. ನಾನು, "ಆಯ್ತು ಕನವ್ವ, ಇನ್ಮೇಲೆ ಒಂದೊಂದು ಮಾತೂ ನಿಂಗೆ ಹೇಳೇ ಮುಂದಕ್ಕೋಗ್ತೀನಿ" ಎಂದೆ. ಅವರ ಮಾತಿನಲ್ಲಿ ದೂರು ಇರಲಿಲ್ಲ, ಅಚ್ಚರಿಯಿತ್ತು. ಯಾರದೋ ಕಟ್ಟುಕಥೆಯ ಮೊಕದ್ದಮೆ ತನಗೆ ತಿಳಿಯುತ್ತಿತ್ತು, ತನ್ನ ಸ್ವಂತ ಮೊಕದ್ದಮೆ ತಿಳಿಯುವುದಿಲ್ಲ ಎಂಬ ಅಚ್ಚರಿ.

ಸೀತಾರಾಮ್ ಅವರಿಂದ ನಮಗೆ ಸಂದದ್ದು ಏನೆಂಬುದು ಆ ಮಾತಿನಲ್ಲಿದೆ. ದಾವೆ, ತಡೆಯಾಜ್ಞೆ, ಪಾಟೀಸವಾಲು, ಜಾಮೀನು, ಪ್ರಮಾಣಪತ್ರ ಮೊದಲಾದ ಪದಗಳು ನಮ್ಮ ಹಳ್ಳಿಗಳಿಗೆ ಬಂದದ್ದು ಶಾಲೆಯಿಂದಲ್ಲ, ಕಚೇರಿಯಿಂದಲ್ಲ, ಅವರ ಧಾರಾವಾಹಿಗಳಿಂದ. ಪದ ಬಂದಲ್ಲಿ ಅದರ ಹಿಂದಿನ ತಿಳಿವಳಿಕೆಯೂ ಬರುತ್ತದೆ. ಸಾಕ್ಷಿ ಹೇಳುವವನಿಗೆ ಎದುರು ಪಕ್ಷ ಪ್ರಶ್ನೆ ಕೇಳಬಹುದು, ಆಪಾದನೆ ಬಂದ ಮಾತ್ರಕ್ಕೆ ಅಪರಾಧಿಯಲ್ಲ, ಕೆಳಗಿನ ತೀರ್ಪಿನ ಮೇಲೆ ಇನ್ನೊಂದು ನ್ಯಾಯಾಲಯವಿದೆ ಎಂಬ ಇಷ್ಟನ್ನು ನಮ್ಮ ತಾಯಂದಿರಿಗೆ ಅವರ ಮನೆಮಾತಿನಲ್ಲಿ ಹೇಳಿದವರು ಬೇರೆ ಯಾರೂ ಇರಲಿಲ್ಲ. ಕಾನೂನಿನ ಅರಿವು ಮೂಡಿಸುವ ಶಿಬಿರಗಳಲ್ಲಿ ನಾನೂ ಮಾತಾಡಿದ್ದೇನೆ. ಒಂದು ಗಂಟೆಯ ನನ್ನ ಭಾಷಣಕ್ಕಿಂತ ಸಿ. ಎಸ್. ಪಿ.ಯ ಐದು ನಿಮಿಷದ ವಾದ ಜನರ ಮನಸ್ಸಿನಲ್ಲಿ ನಿಂತಿದೆ.

ಇಂಥ ಬರವಣಿಗೆಗೆ ಬೆಲೆ ತೆರಬೇಕಾಗುತ್ತದೆ. ರೋಸ್ ಅವರ 'ಥಂಡರ್ ಆನ್ ಸೈಕಮೋರ್ ಸ್ಟ್ರೀಟ್' ಎಂಬ ನಾಟಕ ಬಿಳಿಯರ ಬೀದಿಗೆ ವಾಸಕ್ಕೆ ಬಂದ ಕರಿಯ ಕುಟುಂಬವನ್ನು ಕುರಿತದ್ದಾಗಿತ್ತು. ದಕ್ಷಿಣದ ನೋಡುಗರು ಮುನಿದಾರೆಂಬ ಅಂಜಿಕೆಯಿಂದ ಕರಿಯನ ಬದಲು ಸೆರೆಮನೆಯಿಂದ ಬಿಡುಗಡೆಯಾದವನೊಬ್ಬನನ್ನು ಹಾಕಿ ತಿದ್ದಿಸಿದರು. 1962ರಲ್ಲಿ 'ದಿ ಡಿಫೆಂಡರ್ಸ್'ನ ಒಂದು ಕಂತು ಗರ್ಭಪಾತದ ಕಾನೂನನ್ನು ಚರ್ಚಿಸಿದಾಗ ಎಂದಿನ ಪ್ರಾಯೋಜಕರು ಹಿಂದೆ ಸರಿದರು. ಬೇರೊಬ್ಬ ಪ್ರಾಯೋಜಕರ ಹಣದಿಂದ ಅದು ಪ್ರಸಾರವಾಯಿತು. ನಮ್ಮಲ್ಲಿ ಹೀಗೆ ಬಹಿರಂಗವಾಗಿ ಕತ್ತರಿ ಹಾಕುವವರು ಕಡಿಮೆ. ವಾರವಾರದ ವೀಕ್ಷಕರ ಅಂಕಿಯೇ ಆ ಕೆಲಸ ಮಾಡುತ್ತದೆ. ಅತ್ತೆ-ಸೊಸೆಯರ ಹಗೆ, ವಿಷದ ಬಟ್ಟಲು, ಕೆಟ್ಟವಳ ಕಣ್ಣಿಗೆ ಮೂರು ಸಲ ಬಡಿಯುವ ಸಂಗೀತ, ಇವುಗಳ ನಡುವೆ ಇಬ್ಬರು ಕುಳಿತು ನೆಲದ ಒಡೆತನದ ಬಗೆಗೆ ಹತ್ತು ನಿಮಿಷ ಮಾತಾಡುವ ದೃಶ್ಯವನ್ನು ದಿನವೂ ಬರೆದು ಕೊಡುವುದಕ್ಕೆ ಎಷ್ಟು ಹಟ ಬೇಕೆಂಬುದನ್ನು ನೆನೆಯಬೇಕು. ಇಪ್ಪತ್ತು ವರ್ಷಗಳಿಗೂ ಹೆಚ್ಚು ಕಾಲ ಸೀತಾರಾಮ್ ಆ ಹಟ ಬಿಡಲಿಲ್ಲ.

ಬರೆದದ್ದು ಉಳಿಯುವುದೆಂಬ ಭರವಸೆಯೂ ಈ ಕಸುಬಿನಲ್ಲಿಲ್ಲ. ಪುಸ್ತಕವಾದರೆ ಯಾರದಾದರೂ ಕಪಾಟಿನಲ್ಲಿದ್ದೀತು. ಕಿರುತೆರೆಯ ಮಾತು ಗಾಳಿಗೆ ಹೋದದ್ದು. 1954ರ ಆ ನೇರಪ್ರಸಾರದ 'ಟ್ವೆಲ್ವ್ ಆಂಗ್ರಿ ಮೆನ್'ನ ಪೂರ್ತಿ ಪ್ರತಿ ಕಳೆದುಹೋಯಿತೆಂದೇ ದಶಕಗಳ ಕಾಲ ತಿಳಿದಿದ್ದರು. 2003ರಲ್ಲಿ ಅದು ಸಿಕ್ಕಿತು. ಸಿಕ್ಕಿದ್ದು ಸ್ಯಾಮ್ಯುಯೆಲ್ ಲೀಬೊವಿಟ್ಸ್ ಎಂಬ, ಆ ಹೊತ್ತಿಗೆ ಬಹುಕಾಲದ ಹಿಂದೆಯೇ ತೀರಿಕೊಂಡಿದ್ದ ನ್ಯೂಯಾರ್ಕಿನ ಹೆಸರಾಂತ ವಕೀಲರ ಸಂಗ್ರಹದಲ್ಲಿ. ಆಪಾದಿತರ ಪರವಾಗಿ ವಾದಿಸಿ ಖ್ಯಾತರಾದವರು ಅವರು. ಆ ಪ್ರತಿ ಒಬ್ಬ ವಕೀಲರ ವಸ್ತುಗಳ ನಡುವೆ ಉಳಿದುಬಂತೆಂಬುದು ನನಗೆ ಹಿತವೆನಿಸುತ್ತದೆ. ನಮ್ಮ ಕಸುಬಿನವರು ಹಳೆಯ ಕಾಗದ ಎಸೆಯುವುದಿಲ್ಲ. ಎಂದಾದರೊಂದು ದಿನ ಅದೇ ಸಾಕ್ಷ್ಯವಾದೀತೆಂಬುದು ನಮಗೆ ಗೊತ್ತು.

ಇಷ್ಟು ಹೇಳಿದ ಮೇಲೆ, ಇದು ತಮಿಳಿನ ಮೇಲಿನ ಮುನಿಸೆಂದು ಯಾರೂ ತಿಳಿಯಬಾರದು. ನನ್ನ ಅನ್ನದ ಭಾಷೆ ಅದು, ನನ್ನ ಸ್ನೇಹದ ಭಾಷೆಯೂ ಹೌದು. ಮದರಾಸು ಉಚ್ಚ ನ್ಯಾಯಾಲಯದಲ್ಲಿ ತಮಿಳಿಗೆ ಸ್ಥಾನ ಬೇಕೆಂದು ತಮಿಳುನಾಡಿನ ವಿಧಾನಸಭೆ 2006ರಲ್ಲಿ ನಿರ್ಣಯ ಮಾಡಿತು. ಸಂವಿಧಾನದ 348ನೆಯ ವಿಧಿಯಂತೆ ಅಲ್ಲಿಯ ಭಾಷೆ ಇಂದಿಗೂ ಇಂಗ್ಲಿಷ್. ತನ್ನ ಬಾಳಿನ ಬಗೆಗೆ ನಡೆಯುವ ವಾದ ತನ್ನ ಭಾಷೆಯಲ್ಲಿ ನಡೆಯಬೇಕೆಂದು ತಮಿಳಿನ ರೈತ ಚೆನ್ನೈಯಲ್ಲಿ ಕೇಳುವುದು ನ್ಯಾಯವಾದರೆ, ತಾಳವಾಡಿಯ ಅಜ್ಜಿ ಸತ್ಯಮಂಗಲದಲ್ಲಿ ಕನಿಷ್ಠ ಅರ್ಥವಾದರೂ ಆಗಲೆಂದು ಕೇಳುವುದೂ ನ್ಯಾಯವೇ. ತಮ್ಮ ಭಾಷೆಗಾಗಿ ಹೋರಾಡಿದ ಜನಕ್ಕೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲವೆಂಬುದು ನನ್ನ ಅನುಭವ.

ಕಾನೂನು ನಮ್ಮ ಕೈಯಲ್ಲಿ ಕೆಲವು ಸಾಧನಗಳನ್ನು ಕೊಟ್ಟಿದೆ, ಬಳಸುವವರು ಕಡಿಮೆ. ಸಂವಿಧಾನದ 350ನೆಯ ವಿಧಿಯಂತೆ ತನ್ನ ಕುಂದುಕೊರತೆಯನ್ನು ಕುರಿತ ಮನವಿಯನ್ನು ಆ ರಾಜ್ಯದಲ್ಲಿ ಬಳಕೆಯಲ್ಲಿರುವ ಯಾವುದೇ ಭಾಷೆಯಲ್ಲಿ ಅಧಿಕಾರಿಗೆ ಸಲ್ಲಿಸುವ ಹಕ್ಕು ಪ್ರತಿಯೊಬ್ಬನಿಗೂ ಇದೆ. ತಾಳವಾಡಿಯಲ್ಲಿ ಕನ್ನಡ ಬಳಕೆಯಲ್ಲಿಲ್ಲವೆಂದು ಯಾರೂ ಹೇಳಲಾರರು. ಆಪಾದಿತನಿಗೆ ತಿಳಿಯದ ಭಾಷೆಯಲ್ಲಿ ಸಾಕ್ಷ್ಯ ನಡೆದರೆ ಅದನ್ನು ಅವನಿಗೆ ತಿಳಿಯುವ ಭಾಷೆಯಲ್ಲಿ ತೆರೆದ ನ್ಯಾಯಾಲಯದಲ್ಲಿ ವಿವರಿಸಬೇಕೆಂದು ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 279ನೆಯ ಕಲಮು ಹೇಳುತ್ತಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯೂ ಆ ರಕ್ಷಣೆಯನ್ನು ಉಳಿಸಿಕೊಂಡಿದೆ. ದುಭಾಷಿ ಬೇಕೆಂದು ಕೇಳುವುದರಲ್ಲಿ ನಾಚಿಕೆಯಿಲ್ಲ. ಕೇಳದೆ ತಲೆಯಾಡಿಸಿ ಹೆಬ್ಬೆಟ್ಟು ಒತ್ತಿ ಬರುವುದರಲ್ಲಿ ನಷ್ಟವಿದೆ.

ಆದರೆ ಕೇಳುವುದಕ್ಕೂ ಮಾತು ಬೇಕು. 'ಮುಕ್ತ' ನೋಡಿದ ತಲೆಮಾರು ಮುಪ್ಪಾಗುತ್ತಿದೆ. ಈಗಿನ ಮಕ್ಕಳು ಶಾಲೆಯಲ್ಲಿ ತಮಿಳು ಕಲಿಯುತ್ತಾರೆ, ಅದು ಅವರಿಗೆ ಒಳ್ಳೆಯದೇ. ಮನೆಯಲ್ಲಿ ಮೊಬೈಲಿನ ಅರೆನಿಮಿಷದ ಚಿತ್ರಗಳನ್ನು ನೋಡುತ್ತಾರೆ. ದಾವೆ ಎಂದರೇನೆಂದು ಕೇಳಿದರೆ ಅವರಿಗೆ ತಿಳಿಯದು. ಅಜ್ಜಿಗೆ ಕಾಗದ ಓದಿ ಹೇಳುವ ಹುಡುಗನಿಗೆ ಎರಡು ಭಾಷೆಯ 'ಉತ್ತರ'ಗಳ ವ್ಯತ್ಯಾಸ ಗೊತ್ತಿರಬೇಕಾದರೆ ಯಾರಾದರೂ ಅದನ್ನು ಬರೆದಿಡಬೇಕು. ಹಾಗಾಗಿ ನನ್ನ ಕಿರಿಯ ಸಹೋದ್ಯೋಗಿಗಳೊಡನೆ ಕೂಡಿ ಒಂದು ಚಿಕ್ಕ ಪಟ್ಟಿ ಮಾಡತೊಡಗಿದ್ದೇನೆ: ಒಂದು ಕಡೆ ಕಚೇರಿಯ ತಮಿಳು ಪದ ಕನ್ನಡ ಲಿಪಿಯಲ್ಲಿ, ಇನ್ನೊಂದು ಕಡೆ ಅದರ ಅರ್ಥ ನಮ್ಮ ಬೆಟ್ಟದ ಕನ್ನಡದಲ್ಲಿ. ಈವರೆಗೆ ನೂರರ ಆಸುಪಾಸಿಗೆ ಬಂದಿದೆ. ಮೊದಲನೆಯ ಪದ 'ಉತ್ತರವು'. ಅರ್ಥ ಬರೆಯಲು ಕುಳಿತಾಗಲೆಲ್ಲ ಗ್ರಂಥಭಾಷೆ ಕೈಗೆ ಬರುತ್ತದೆ. ಆಗ ಸೀತಾರಾಮ್ ಅವರ ವಕೀಲ ಇದನ್ನು ಕಟಕಟೆಯಲ್ಲಿ ನಿಂತ ಹಳ್ಳಿಯ ಹೆಂಗಸಿಗೆ ಹೇಗೆ ಹೇಳುತ್ತಿದ್ದನೆಂದು ಯೋಚಿಸಿ, ಗೀಚಿ ಮತ್ತೆ ಬರೆಯುತ್ತೇನೆ.

ಈ ಪತ್ರಿಕೆಯ ಓದುಗರಲ್ಲಿ ಹೊಸೂರು, ಕೃಷ್ಣಗಿರಿ, ನೀಲಗಿರಿ, ಕಾಸರಗೋಡುಗಳ ಕನ್ನಡಿಗರೂ ಇರಬಹುದು. ನಿಮ್ಮ ಕಡೆಯ ಕಚೇರಿಗಳಲ್ಲಿ ಕನ್ನಡದ ಕಿವಿಯನ್ನು ಹೀಗೆ ಮೋಸಗೊಳಿಸುವ ಪದಗಳಿದ್ದರೆ, ಅವು ತಮಿಳಿನವಾಗಲಿ ಮಲಯಾಳದವಾಗಲಿ, ಅರ್ಥಸಹಿತವಾಗಿ ಪತ್ರಿಕೆಗೆ ಬರೆದು ಕಳುಹಿಸಿ. ಪಟ್ಟಿ ಮುಗಿದ ಮೇಲೆ ಅಚ್ಚು ಹಾಕಿಸಿ, ಮೊದಲು ನಮ್ಮ ಶಾಲೆಗಳ ಮಕ್ಕಳಿಗೆ ಕೊಡಬೇಕೆಂದಿದ್ದೇವೆ. ಮನೆಗೆ ಬಂದ ಕಾಗದವನ್ನು ಓದಿ ಹೇಳುವವರು ಅವರೇ ತಾನೇ.